ಅಜ್ಜಿಯ ಕಥೆಗೆ ಹೂಂ ಅಂದವಳು

ಸಿನಿಮಾಕ್ಕೆ ವಾಸನೆ ಇರುವುದಿಲ್ಲವೆಂದು ನಾನು ನಂಬಿಕೊಂಡಿದ್ದೆ. ಹೋದ ಮಳೆಗಾಲದ ಒಂದು ಭಾನುವಾರ ಮಧ್ಯಾಹ್ನ, ಜಮಖಂಡಿಯ ನನ್ನ ಮನೆಯಲ್ಲಿ ಊಟ ಮುಗಿಸಿ, ಮೊಬೈಲನ್ನು ಶೇಂಗಾ ಡಬ್ಬಿಗೆ ಒರಗಿಸಿಟ್ಟು, ಟುಕುನ್ ಬರೆದು ನಿರ್ದೇಶಿಸಿದ ಹೊಸ ಸಿನಿಮಾ ನೋಡುತ್ತ ಕೂತಿದ್ದೆ. ಮಾತು ಬಂಗಾಲಿ, ಕೆಳಗೆ ಇಂಗ್ಲಿಷ್ ಅಕ್ಷರಗಳ ಸಾಲು. ತಪ್ಪು ಹುಡುಕಬೇಕೆಂದೇ ಕನ್ನಡಕ ಒರೆಸಿಕೊಂಡು ಕೂತವಳು ನಾನು. ಅರ್ಧ ತಾಸಿನಲ್ಲಿ ಸಾಕಷ್ಟು ಸಿಕ್ಕವು ಕೂಡ. ಆಮೇಲೆ ಪರದೆಯ ಮೇಲೆ ಮುದುಕಿಯೊಬ್ಬಳು ತೆಂಗಿನ ಕರಟಕ್ಕೆ ಎರಡು ಬೆರಳು ಇಳಿಸಿ, ಬೂದಿ ಹಚ್ಚಿಕೊಂಡು, ನೂಲಿನ ಎರಡು ತುದಿ ಹಿಡಿದು ಹೊಸೆದಳು. ಅಷ್ಟೇ ಮಾಡಿದ್ದು. ನನ್ನ ಅಡುಗೆಮನೆಯ ತುಂಬ ಸಾಣಿಸಿದ ಬೂದಿಯ, ಹುಳಿ ಬಂದ ಗಂಜಿಯ, ಅಜ್ಜಿಯ ಬೆರಳಿನ ವಾಸನೆ ಎದ್ದುಬಂತು. ಮೊಬೈಲನ್ನು ಬೋರಲು ಹಾಕಿದೆ. ಅಳು ಬಂದಿತ್ತು, ಅದಕ್ಕಿಂತ ಹೆಚ್ಚಾಗಿ ಸಿಟ್ಟು ಬಂದಿತ್ತು. ಅದು ನನ್ನ ಅಜ್ಜಿಯ ಬೆರಳು, ಅವಳ ಅಜ್ಜಿಯದಲ್ಲ.

ಟುಕುನ್ ಎಂದರೆ ಯಾರೆಂದು ಹೇಳಬೇಕು. ಕೋಲ್ಕತ್ತದಲ್ಲಿ ಸಿನಿಮಾ ಬರೆಯುವವಳು, ಮಾಡುವವಳು. ಅಂಥ ಸಿನಿಮಾ ನೋಡುವವರಿಗೆ ಅವಳ ದೊಡ್ಡ ಹೆಸರು ಗೊತ್ತಿರುತ್ತದೆ. ನನಗೆ ಅವಳು ಮನೆಯವರು ಕರೆಯುತ್ತಿದ್ದ ಸಣ್ಣ ಹೆಸರಿನವಳೇ. ಒಂಬತ್ತು ವರ್ಷದವಳಿದ್ದಾಗ ಬನಹಟ್ಟಿಯ ನಮ್ಮ ಮನೆಯ ಮುಂದಿನ ಎರಡು ಖೋಲಿಗೆ ಬಾಡಿಗೆಗೆ ಬಂದು, ಎರಡು ವರ್ಷ ಇದ್ದು ಹೋದಳು. ಅವಳ ಅಪ್ಪ ಬಣ್ಣದ ಕೆಲಸದವರು. ನೂಲಿಗೆ ಹಾಕಿದ ಬಣ್ಣ ತೊಳೆದರೂ ಹೋಗದಂತೆ ಮಾಡುವುದನ್ನು ನಮ್ಮ ನೇಕಾರರಿಗೆ ಕಲಿಸಲು ಸರಕಾರ ಕಳಿಸಿತ್ತು. ಓಣಿಯವರೆಲ್ಲ ಅವರನ್ನು ಬಣ್ಣದ ಬಾಬು ಎನ್ನುತ್ತಿದ್ದರು. ಅವರ ಉಗುರು ಒಂದು ವಾರ ನೀಲಿ, ಒಂದು ವಾರ ಕೆಂಪು. ರವಿವಾರಕ್ಕೊಮ್ಮೆ ಸೈಕಲ್ಲು ಹೊಡೆದುಕೊಂಡು ಹಿಪ್ಪರಗಿಯ ಹೊಳೆದಂಡೆಗೆ ಹೋಗಿ ಮೀನು ತರುತ್ತಿದ್ದರು. ನಮ್ಮದು ಉಳ್ಳಾಗಡ್ಡಿಗೂ ಸೋಮವಾರ ಬಿಡುವು ಕೊಡುವ ಮನೆ. ದೊಡ್ಡ ಜಗಳವಾಗುತ್ತದೆಂದು ನಾನು ಕಾದೆ. ಅಜ್ಜಿ ಮಾತ್ರ ಹಿತ್ತಲಿನ ಬೇವಿನ ಗಿಡದ ಕೆಳಗೆ ತಾನೇ ಮೂರು ಕಲ್ಲಿಟ್ಟು ಒಲೆ ಹೂಡಿಕೊಟ್ಟು, "ಇಲ್ಲೆ ಕುದಿಸ್ಕೋರೆವ್ವಾ, ಗಾಳಿ ಆಕಡಿ ಬೀಸ್ತೈತಿ" ಎಂದಳು. ಅವಳಿಗೆ ಆ ಮನೆಯವರ ಮೇಲೆ ಅಂಥ ಅಕ್ಕರೆ ಯಾಕೆ ಬಂತೋ ನನಗೆ ಅವತ್ತು ಅರ್ಥವಾಗಲಿಲ್ಲ.

ನಮ್ಮ ಪಡಸಾಲೆಯಲ್ಲಿ ನೆಲದ ಕುಣಿಯಲ್ಲಿ ಕಾಲಿಳಿಸಿ ಕೂತು ನೇಯುವ ನಾಲ್ಕು ಕುಣಿಮಗ್ಗಗಳಿದ್ದವು. ಅಪ್ಪನದೊಂದು, ಇಬ್ಬರು ಕಾಕಾಗಳದು ಎರಡು, ತೀರಿಹೋದ ಅಜ್ಜನದೊಂದು. ಅಜ್ಜನ ಮಗ್ಗದ ಮೇಲೆ ನೂಲಿನ ಲಡಿಗಳು, ನಮ್ಮ ಪಾಟಿಚೀಲಗಳು, ಒಮ್ಮೊಮ್ಮೆ ಬೆಕ್ಕು. ಬೆಳಗ್ಗೆ ಏಳಕ್ಕೆ ಶುರುವಾದ ಲಾಳಿಯ ಸಪ್ಪಳ ನಿಂತರೆ ನಾವು ಆಟ ಬಿಟ್ಟು ಒಳಗೆ ಓಡುತ್ತಿದ್ದೆವು, ಯಾರಿಗೋ ಏನೋ ಆಯಿತೆಂದು. ಅಜ್ಜಿ ನೀಲವ್ವ ನೇಯುತ್ತಿರಲಿಲ್ಲ, ಕೆಚ್ಚುತ್ತಿದ್ದಳು. ಮಗ್ಗದ ಹಾಸು, ಎಂದರೆ ಉದ್ದಕ್ಕೆ ಬಿಗಿದ ಎಳೆಗಳು, ಮುಗಿಯಲು ಬಂದಾಗ ಹಣಿಗೆಯಲ್ಲಿ ಒಂದು ಗೇಣು ನೂಲು ಉಳಿಸಿ ಕತ್ತರಿಸುತ್ತಾರೆ. ಆ ಹಳೆಯ ಎಳೆಗಳ ಒಂದೊಂದು ತುದಿಗೂ ಹೊಸ ಹಾಸಿನ ಒಂದೊಂದು ತುದಿ ಕೂಡಿಸಿ, ಬೂದಿ ಹಚ್ಚಿದ ಬೆರಳಿನಿಂದ ಹೊಸೆದು ಸೇರಿಸುವುದೇ ಕೆಚ್ಚುವುದು. ಗಂಟು ಹಾಕುವಂತಿಲ್ಲ, ಗಂಟು ಹಣಿಗೆಯ ಹಲ್ಲಿಗೆ ಸಿಕ್ಕುತ್ತದೆ. ಒಂದು ಸೀರೆಯ ಅಗಲಕ್ಕೆ ಸಾವಿರಾರು ಎಳೆ, ಎರಡು ದಿನದ ಕೆಲಸ. ಎದುರಿಗೆ ಒಂದು ಹುಡುಗಿ ಕೂತು ಒಂದೊಂದೇ ಎಳೆ ಬಿಡಿಸಿ ಕೊಡಬೇಕು. ಆ ಹುಡುಗಿ ನಿದ್ದೆ ಮಾಡಬಾರದೆಂದು ಅಜ್ಜಿ ಕಥೆ ಹೇಳುತ್ತಿದ್ದಳು; ಅವಳು ನಿದ್ದೆ ಮಾಡಿಲ್ಲವೆಂದು ಗೊತ್ತಾಗಲು ಆ ಹುಡುಗಿ ಹೂಂ ಅನ್ನಬೇಕಾಗಿತ್ತು.

ಈ ಕಥೆಗಳಿಗೆ ಅವುಗಳದೇ ಕಟ್ಟು ಇತ್ತು. ಸೀರೆಯ ಒಂದು ಕಡೆಯ ಕೆಂಪು ದಡಿಯ ಎಳೆಗಳಿಂದ ಕೆಚ್ಚಲು ಶುರು. ದಡಿ ಮುಗಿಯುವುದರೊಳಗೆ ಊರು, ಮನೆ, ಮಂದಿ ಎಲ್ಲ ಬಂದುಬಿಡಬೇಕು. ಕಪ್ಪು ಒಡಲು ಬಂತೆಂದರೆ ಕಥೆ ಅಡವಿಗೆ ಬಿದ್ದಂತೆ. ಎಷ್ಟು ಬೇಕಾದರೂ ಅಲೆಯಬಹುದು. ಆಚೆಯ ಕೆಂಪು ದಡಿ ಕಂಡಾಗ ಎಲ್ಲರೂ ಮನೆಗೆ ತಿರುಗಬೇಕು, ಕೊನೆಯ ಎಳೆಯ ಜೊತೆಗೆ ಕಥೆಯೂ ಮುಗಿಯಬೇಕು. ಎಳೆ ಹಿಡಿಯದೆ ಅಜ್ಜಿ ಒಂದು ಕಥೆಯನ್ನೂ ಹೇಳಿದ್ದಿಲ್ಲ. ಒಮ್ಮೆ ಹೇಳಿದ್ದನ್ನು ಇನ್ನೊಂದು ಹಾಸಿನ ಮುಂದೆ ಹೇಳಿದ್ದೂ ಇಲ್ಲ. ಹೂಂ ಅನ್ನುವವಳು ಸುಮ್ಮನಾದರೆ ಬೆರಳು ನಡೆಯುತ್ತಿತ್ತು, ಬಾಯಿ ನಿಲ್ಲುತ್ತಿತ್ತು. "ಹೂಂ ಅನ್ನೋರು ಇಲ್ಲದ ಕಥಿ ಅಂದ್ರ ಬರೇ ಬಾಯಿ ಸಪ್ಪಳ" ಎನ್ನುತ್ತಿದ್ದಳು. ಆರನೆಯ ವರ್ಷದಿಂದ ಆ ಜಾಗ ನನ್ನದು. ಓಣಿಯ ಹುಡುಗಿಯರು ಅದಕ್ಕಾಗಿ ನನ್ನ ಮೇಲೆ ಉರಿಯುತ್ತಿದ್ದರು, ನನಗೆ ಹಿತವೆನಿಸುತ್ತಿತ್ತು.

ಟುಕುನ್ ಬಂದ ಮೂರನೆಯ ತಿಂಗಳಿಗೆ ನನ್ನ ಸಿಂಹಾಸನ ಹೋಯಿತು. ಅವಳಿಗೆ ಆಗ ಕನ್ನಡ ಬರುತ್ತಿದ್ದುದು ನೀರು, ಬಾ, ಹೋಗು, ಸಾಲಿ, ಇಷ್ಟೇ. ಒಂದು ದಿನ ಸುಮ್ಮನೆ ನನ್ನ ಪಕ್ಕ ಬಂದು ಕೂತು ಅಜ್ಜಿಯ ಮುಖ ನೋಡುತ್ತಿದ್ದಳು. ನಾನು ಎಂದಿನಂತೆ ಹೊರಗಿನ ಕುಂಟಾಬಿಲ್ಲೆಯ ಕಡೆ ಕಿವಿಯಿಟ್ಟು, ಹತ್ತು ಎಳೆಗೊಮ್ಮೆ ಹೂಂ ಒಗೆಯುತ್ತಿದ್ದೆ. ನಡುವೆ ಅವಳು ಹೂಂ ಅಂದಳು. ಒಂದೇ ಒಂದು. ಅಜ್ಜಿ ಉಸಿರು ತೆಗೆದುಕೊಳ್ಳಲು ನಿಂತ ಜಾಗದಲ್ಲಿ, ಮೆತ್ತಗೆ, ಆಮೇಲೆ ಏನಾಯಿತೋ ಎಂಬ ಹೆದರಿಕೆಯಲ್ಲಿ. ಒಂದು ಅಕ್ಷರ ಅರ್ಥವಾಗದವಳು! ಅಜ್ಜಿಯ ಬೆರಳು ನಿಂತವು. ಬೆರಳು ನಿಂತದ್ದನ್ನು ನಾನು ಅದೇ ಮೊದಲು ನೋಡಿದ್ದು. "ಕಸ್ತೂರಿ, ನೀ ಏಳಬೇ. ಈ ಹುಡುಗಿ ಹೂಂ ಅಂದ್ರ ಕಥಿ ತಾನ ಮುಂದ ಹೊಕ್ಕೈತಿ" ಎಂದು ಅವಳನ್ನು ಎಳೆ ಕೊಡುವ ಜಾಗಕ್ಕೆ ಕೂರಿಸಿದಳು. ನನಗೆ ಬೂದಿ ಸಾಣಿಸುವ ಕೆಲಸ ಸಿಕ್ಕಿತು. ಹಿತ್ತಲ ಗಿಡ ಮದ್ದಲ್ಲ ಎಂಬ ಮಾತನ್ನು ಮುಂದೆ ಮೂವತ್ತು ವರ್ಷ ಮಕ್ಕಳಿಗೆ ಪಾಠ ಮಾಡಿದ್ದೇನೆ, ಪ್ರತಿಸಲವೂ ನನಗೆ ಆ ಬೂದಿಯ ಜರಡಿ ನೆನಪಾಗಿದೆ.

ಒಂದು ಸಲ ಸೇಡು ತೀರಿಸಿಕೊಂಡೆ, ಅದನ್ನೂ ಹೇಳಿಬಿಡುತ್ತೇನೆ. ಜರಡಿ ಹಿಡಿಯದ ಬೂದಿಯನ್ನು, ಮೇಲೆ ಅಷ್ಟು ಹಳ್ಳದ ಮರಳು ಬೆರೆಸಿ, ಕರಟಕ್ಕೆ ತುಂಬಿಟ್ಟೆ. ಎಳೆಗಳು ಪಟಪಟ ಹರಿದವು, ಅಜ್ಜಿಯ ಹೆಬ್ಬೆರಳಿನ ತುದಿಯಲ್ಲಿ ರಕ್ತ ಬಂತು. ಟುಕುನ್ ಓಡಿಹೋಗಿ ನನ್ನ ಅವ್ವನಿಂದ ಅರಿಶಿಣ ತಂದಳು. ಒಳ್ಳೆಯವಳಾಗುವ ಅವಕಾಶವನ್ನೂ ಅವಳಿಗೇ ಕೊಟ್ಟಂತಾಯಿತು. ಅಜ್ಜಿ ಬೆರಳನ್ನು ಬಾಯಲ್ಲಿಟ್ಟುಕೊಂಡು ನನ್ನನ್ನೇ ನೋಡುತ್ತ, "ಬೂದ್ಯಾಗ ಉಸುಕು ಬಂದೈತಿ. ಒಲಿ ತಪ್ಪೋ, ಜರಡಿ ತಪ್ಪೋ, ಯಾರಿಗೊತ್ತು" ಎಂದಳು. ಬಯ್ಯಲಿಲ್ಲ. ಬಯ್ದಿದ್ದರೆ ಒಂದು ದಿನ ಅತ್ತು ಮರೆಯುತ್ತಿದ್ದೆ. ಮಾರನೆಯ ದಿನದಿಂದ ನಾನು ಬೂದಿಯನ್ನು ಎರಡು ಸಲ ಸಾಣಿಸುತ್ತಿದ್ದೆ.

ಟುಕುನ್ ನಮ್ಮಲ್ಲಿ ಕೇಳಿದ ಕೊನೆಯ ಕಥೆ ಇಬ್ಬರು ಅಕ್ಕತಂಗಿಯರದು. ಇಬ್ಬರಿಗೂ ಕೂಡಿ ಇದ್ದದ್ದು ಒಂದೇ ಸೀರೆ. ಅಕ್ಕ ಉಟ್ಟುಕೊಂಡು ಹೊರಗೆ ಹೋದರೆ ತಂಗಿ ಬಾಗಿಲ ಹಿಂದೆ ಕತ್ತಲಲ್ಲಿ ಕೂರಬೇಕು. ಅಕ್ಕ ಬಂದ ಮೇಲೆ ತಂಗಿಯ ಪಾಳಿ. ಹೀಗೆ ಇಬ್ಬರೂ ಕೂಡಿ ಬಿಸಿಲಲ್ಲಿ ನಿಂತದ್ದೇ ಇಲ್ಲ. ಒಂದು ದಿನ ಅಕ್ಕ ನೀರಿಗೆಂದು ಹೊಳೆಗೆ ಹೋದಳು, ದಂಡೆಯಲ್ಲಿ ಹರಿಗೋಲಿತ್ತು, ಹತ್ತಿದಳು. ಹರಿಗೋಲು ನಡುಹೊಳೆಗೆ ಹೋಯಿತು. ಇತ್ತ ತಂಗಿ ಬಾಗಿಲ ಸಂದಿಯಲ್ಲಿ ಕಣ್ಣಿಟ್ಟು ಕೂತಳು. ಇಷ್ಟಾಗುವಾಗ ಕಪ್ಪು ಒಡಲಿನ ಮುಕ್ಕಾಲು ಎಳೆ ಆಗಿತ್ತು, ಸಂಜೆಯಾಯಿತು. ನಾನು ಜರಡಿ ಹಿಡಿದುಕೊಂಡೇ ಎಲ್ಲವನ್ನೂ ಕೇಳಿಸಿಕೊಂಡಿದ್ದೆ, ಹೂಂ ಅನ್ನುವ ಹಕ್ಕಿಲ್ಲದೆ. ಮರುದಿನ ಅಮಾವಾಸ್ಯೆ. ಅಮಾವಾಸ್ಯೆಗೆ ನಮ್ಮಲ್ಲಿ ಮಗ್ಗ ಮುಟ್ಟುವುದಿಲ್ಲ. ಹಾಸಿನ ಮೇಲೆ ಹಳೆಯ ಪಂಚೆ ಹೊದಿಸಿ ಮಲಗಿಸಿಬಿಡುತ್ತಾರೆ. ಬಣ್ಣದ ಬಾಬುವಿಗೆ ವರ್ಗದ ಕಾಗದ ಬಂದಿತ್ತು. ಮೀರಜಿಗೆ ಹೋಗಿ ರೈಲು ಹಿಡಿಯುವುದು ಆ ಅಮಾವಾಸ್ಯೆಯ ದಿನವೇ ಎಂದು ಗೊತ್ತಾಗಿತ್ತು.

ಬೆಳಗ್ಗೆ ಟ್ರಂಕುಗಳನ್ನು ಕಟ್ಟೆಯ ಮೇಲೆ ಜೋಡಿಸಿದ್ದರು. ಟುಕುನ್ ಎಣ್ಣೆ ಹಚ್ಚಿದ ಜಡೆ ಹಾಕಿಕೊಂಡು ಬಂದು ಅಜ್ಜಿಯ ಸೆರಗು ಹಿಡಿದಳು. ಅಷ್ಟೊತ್ತಿಗೆ ಅವಳ ಕನ್ನಡ ನಮ್ಮೆಲ್ಲರಿಗಿಂತ ಚುರುಕಾಗಿತ್ತು. "ಆಯಿ, ಮುಂದಿಂದು ಹೇಳಬೇ. ಬಾಯಿಲೇ ಹೇಳು. ಆಕಿ ಹೊಳಿ ದಾಟಿದ್ಲೋ ಇಲ್ಲೋ, ಅಷ್ಟ ಹೇಳು."

ಅಜ್ಜಿ ಪಂಚೆ ಹೊದಿಸಿದ ಹಾಸಿನ ಕಡೆ ನೋಡಿದಳು. "ನೂಲು ಮುಟ್ಟದ ದಿನ ಕಥಿ ಹೇಳೂದಿಲ್ಲವ್ವಾ. ನಮ್ಮ ಮನ್ಯಾಗ ಯಾರೂ ಹೇಳಿಲ್ಲ."

"ನಾ ಹೊಂಟೇನಲ್ಲ ಬೇ!"

"ಹೊಂಟವರು ಬರತಾರ. ಬಂದಾಗ ಹೇಳತೇನಿ."

ಎರಡು ಮಾತಿನಲ್ಲಿ ಹೇಳಿಬಿಡಬಹುದಿತ್ತು. ಬೇರೆ ಯಾರ ಮನೆಯಲ್ಲಾದರೂ ಹೇಳಿಯೇ ಬಿಡುತ್ತಿದ್ದರು. ನಮ್ಮ ಮನೆಯಲ್ಲಿ ಹಾಗಾಗಲಿಲ್ಲ. ಟುಕುನ್ ಬಸ್ಸಿನ ಕಿಟಕಿಯಲ್ಲಿ ಅಳುತ್ತ ಹೋದಳು. ನನಗೆ ಮೊದಲು ನಗು ಬಂತು. ಹನ್ನೊಂದು ವರ್ಷದವಳ ನಗು, ಅದನ್ನು ಈಗ ಸಮರ್ಥಿಸಿಕೊಳ್ಳಲಾರೆ. ಆದರೆ ಅವಳ ಬಸ್ಸು ರಬಕವಿಯ ಕಡೆ ಹೊರಳಿದಾಗ ಅಜ್ಜಿ ಅತ್ತಳು. ನನಗೆ ಎಷ್ಟು ಜ್ವರ ಬಂದರೂ, ಎಷ್ಟು ಸಲ ಬಿದ್ದು ಗಾಯ ಮಾಡಿಕೊಂಡರೂ ಅಳದವಳು ಎರಡು ವರ್ಷದ ಬಾಡಿಗೆದಾರರ ಹುಡುಗಿಗಾಗಿ ಅತ್ತಳು. ನನ್ನ ನಗು ಅಲ್ಲಿಗೇ ನಿಂತಿತು.

ಮೂರು ತಿಂಗಳಿಗೆ ಕಲ್ಕತ್ತೆಯಿಂದ ಇನ್‌ಲ್ಯಾಂಡ್ ಪತ್ರ ಬಂತು, ಕೋಳಿ ಕೆದರಿದಂಥ ಕನ್ನಡ ಅಕ್ಷರದಲ್ಲಿ. 'ಕಸ್ತೂರಿ, ಕಥಿ ಏನಾತು?' ಇಷ್ಟೇ ಇದ್ದದ್ದು. ನಾನು ಶಾಲೆಯಲ್ಲಿ ಕಲಿತ ಶುದ್ಧ ಭಾಷೆಯಲ್ಲಿ ಉತ್ತರ ಬರೆದೆ: 'ಕಥೆಯು ಮುಗಿಯಿತು. ಕೊನೆಯು ಬಹಳ ಸುಂದರವಾಗಿತ್ತು. ನೀನು ಇಲ್ಲಿಗೆ ಬಂದರೆ ಹೇಳುವೆನು.' ಅಂಚೆಪೆಟ್ಟಿಗೆಗೆ ಹಾಕಿ ಬರುವಾಗ ಕುಣಿಯುತ್ತ ಬಂದೆ. ಇನ್ನೂ ಎರಡು ಸಲ ಅವಳು ಕೇಳಿದಳು, ಎರಡು ಸಲವೂ ಇದನ್ನೇ ಬರೆದೆ. ಅವಳು ಬರಲಿಲ್ಲ. ನನ್ನ ಅಜ್ಜಿಯನ್ನು ಅರ್ಧ ಹೊತ್ತುಕೊಂಡು ಹೋದವಳಿಗೆ ಉಳಿದರ್ಧ ನನ್ನ ಹತ್ತಿರ ಇದೆ ಎಂದು ಗೊತ್ತಿರಲಿ ಎಂಬುದೇ ನನ್ನ ಆಸೆ.

ಅಲ್ಲಿಂದ ಅವಳ ದಾರಿಯನ್ನು ನಾನು ನೋಡಿದಷ್ಟು ಅವಳ ಹೆತ್ತವರೂ ನೋಡಿರಲಿಕ್ಕಿಲ್ಲ. ಕಾಲೇಜು ಮುಗಿಸಿ ಅವಳು ಟೀವಿ ಧಾರಾವಾಹಿಗಳಿಗೆ ಮಾತು ಬರೆಯುವ ಕೆಲಸಕ್ಕೆ ಸೇರಿದಳು. ಬರೆದವಳು ಇವಳು, ಹೆಸರು ಮತ್ತೊಬ್ಬರದು. 'ಅತ್ತೆ ಸೊಸೆ ಜಗಳ ಬರೆದೂ ಬರೆದೂ ಕನಸಿನಲ್ಲೂ ಜಗಳವಾಡುತ್ತೇನೆ' ಎಂದು ಇಂಗ್ಲಿಷಿನಲ್ಲಿ ಅವಳ ಕೊನೆಯ ಪತ್ರ ಬಂದ ದಿನ ನಾನು ಹೋಳಿಗೆ ಮಾಡಿದೆ. ಆಮೇಲೆ ಒಬ್ಬ ದೊಡ್ಡ ನಿರ್ದೇಶಕರ ಸಿನಿಮಾಕ್ಕೆ ಕಥೆ ಬರೆದಳು, ಸಣ್ಣ ಅಕ್ಷರದಲ್ಲಿ ಹೆಸರು ಬಂತು. ಮುಂದೆ ತಾನೇ ನಿರ್ದೇಶಿಸಿದ ಮೊದಲ ಸಿನಿಮಾ ದೋಣಿಯಲ್ಲಿ ಟಿಕೀಟು ಹರಿದುಕೊಡುವ ಹೆಂಗಸಿನದು; ಒಂದೇ ವಾರ ಓಡಿತು. ಕಥೆಗೆ ಕೊನೆಯೇ ಇಲ್ಲ, ನಡುಹೊಳೆಯಲ್ಲಿ ಬಿಟ್ಟುಹೋಗಿದ್ದಾರೆ ಎಂದು ಇಂಗ್ಲಿಷ್ ಪತ್ರಿಕೆಯವರು ಬಯ್ದಿದ್ದರು. ಆ ಚೂರನ್ನು ಕತ್ತರಿಸಿ ಕಪಾಟಿನಲ್ಲಿ ಸೀರೆಗಳ ಕೆಳಗೆ ಇಟ್ಟುಕೊಂಡೆ. ಎರಡನೆಯ ಸಿನಿಮಾಕ್ಕೂ ಕೊನೆ ಇರಲಿಲ್ಲ. ಈ ಸಲ ಅದೇ ಪತ್ರಿಕೆಯವರು ಅದನ್ನೇ ಹೊಗಳಿದರು, ದಿಲ್ಲಿಯಲ್ಲಿ ಪ್ರಶಸ್ತಿ ಬಂತು. ಆಗ ಸಾರಿಗೆ ಉಪ್ಪಿಲ್ಲವೆಂದವರು ಈಗ ಎಷ್ಟು ಪಥ್ಯದ ಊಟ ಎಂದಂತೆ! ಪ್ರಶಸ್ತಿ ತೆಗೆದುಕೊಳ್ಳಲು ಅವಳು ಉಟ್ಟುಕೊಂಡಿದ್ದು ಕಪ್ಪು ಒಡಲಿನ, ಕೆಂಪು ದಡಿಯ ನಮ್ಮ ಊರಿನ ನೂಲಿನ ಸೀರೆ. ಆ ಫೋಟೋ ನೋಡಿ ಎರಡು ದಿನ ನನಗೆ ಅನ್ನ ರುಚಿಸಲಿಲ್ಲ. ಉಂಡೂ ಹೋದಳು, ಕೊಂಡೂ ಹೋದಳು.

ನಾನೂ ನಿರ್ದೇಶಕಿಯೇ. ಮೊದಲು ಬೀಳಗಿಯಲ್ಲಿ, ಆಮೇಲೆ ಮುಧೋಳದಲ್ಲಿ ಕನ್ನಡದ ಟೀಚರಾಗಿ ಮೂವತ್ತು ವರ್ಷ ವಾರ್ಷಿಕೋತ್ಸವದ ನಾಟಕ ಬರೆದಿದ್ದೇನೆ, ಆಡಿಸಿದ್ದೇನೆ. ನಮ್ಮ ಗ್ಯಾದರಿಂಗು ಬರುವುದು ಕಬ್ಬು ಕಡಿಯುವ ದಿನಗಳಲ್ಲಿ. ರಾಣಿ ಪ್ರಾಣ ಬಿಡುವ ಹೊತ್ತಿಗೆ ಸರಿಯಾಗಿ ಶಾಲೆಯ ಮುಂದೆ ಕಬ್ಬಿನ ಟ್ರ್ಯಾಕ್ಟರು ಹಾಡು ಹಾಕಿಕೊಂಡು ಹೋಗುತ್ತದೆ, ಹಿಂದೆ ಎರಡು ಟ್ರೇಲರು. ರಾಣಿ ಸಾಯುವುದನ್ನು ನಿಲ್ಲಿಸಿ, ಟ್ರ್ಯಾಕ್ಟರು ದಾಟುವ ತನಕ ಕಾದು, ಆಮೇಲೆ ಸಾಯುತ್ತಾಳೆ. ಜನ ಚಪ್ಪಾಳೆ ಹೊಡೆಯುತ್ತಾರೆ. ಪತ್ರಿಕೆಗಳಿಗೆ ಕಳಿಸಿದ ನನ್ನ ನಾಲ್ಕು ಕಥೆಗಳು ಹೋದ ದಾರಿಯಲ್ಲೇ ತಿರುಗಿ ಬಂದವು. ಇದನ್ನೆಲ್ಲ ನಾನು ದುಃಖದಿಂದ ಹೇಳುತ್ತಿಲ್ಲ, ಹೊಟ್ಟೆಕಿಚ್ಚಿನಿಂದಲೇ ಹೇಳುತ್ತಿದ್ದೇನೆ. ಒಂದೇ ಪಡಸಾಲೆಯಲ್ಲಿ, ಒಂದೇ ಅಜ್ಜಿಯ ಬಾಯಿಂದ ಇಬ್ಬರೂ ಕೇಳಿದ್ದೇವೆ. ಕೇಳಿದ್ದು ಅವಳಿಗೆ ಹತ್ತಿತು, ನನಗೆ ಹತ್ತಲಿಲ್ಲ.

ಆ ಪಡಸಾಲೆ ಈಗಿಲ್ಲ. ಅಜ್ಜಿ ಹೋದ ಎರಡನೆಯ ವರ್ಷ ಕುಣಿಗಳನ್ನು ಮಣ್ಣು ಹಾಕಿ ಮುಚ್ಚಿ, ಮೇಲೆ ಸಿಮೆಂಟು ಬಳಿದು, ಕರೆಂಟಿನ ಮಗ್ಗ ಕೂರಿಸಿದರು. ಅಪ್ಪ ಆ ಮಗ್ಗದ ಮುಂದೆ ಹತ್ತು ವರ್ಷ ನಿಂತು ಕೆಲಸ ಮಾಡಿದ. ಕೂತು ನೇಯ್ದವನ ಕಾಲಿಗೆ ಆ ನಿಲುವು ಒಗ್ಗಲೇ ಇಲ್ಲ. ಹಾಸು ಕೂಡಿಸಲು ಈಗ ಗಂಟು ಹಾಕುವ ಯಂತ್ರ ಹೊತ್ತುಕೊಂಡು ಇಬ್ಬರು ಬರುತ್ತಾರಂತೆ, ಒಂದು ಚಹಾ ಆರುವುದರೊಳಗೆ ಮುಗಿಸಿ ಹೋಗುತ್ತಾರಂತೆ. ಬೇವಿನ ಗಿಡವಿದ್ದಲ್ಲಿ ಕಾಕಾನ ಮಗನ ಮೊಬೈಲು ಅಂಗಡಿ. ಕಾಲೇಜಿಗೆ ಹೋಗುತ್ತಿದ್ದಾಗ ಒಮ್ಮೆ, ಅಜ್ಜಿಯ ಕಣ್ಣು ಮಂಜಾಗಿ ಕೆಚ್ಚುವುದು ನಿಂತ ಮೇಲೆ, ನಾನು ಕೇಳಿದ್ದೆ: "ಆಯಿ, ಆ ಅಕ್ಕತಂಗೇರ ಕಥಿ ಏನಾತಬೇ?" ಅವಳು ಖಾಲಿ ಬೆರಳುಗಳನ್ನು ಹೊಸೆಯುತ್ತ, "ಅದು ಆ ಹಾಸಿನ್ಯಾಗ ಹೋತು. ಆ ಸೀರಿ ಯಾವಾಕಿ ಉಟ್ಟಾಳೋ, ಆಕಿನ್ನ ಕೇಳು" ಎಂದಳು. ಸ್ವಲ್ಪ ಹೊತ್ತಿನ ಮೇಲೆ, "ಆ ಹುಡುಗಿಗರೆ ಹೇಳಿಬಿಡಬೇಕಾಗಿತ್ತು" ಎಂದಳು. ನನ್ನ ಹೆಸರು ಅದರಲ್ಲಿ ಬರಲಿಲ್ಲ.

ಓದುವವರಿಗೆ ಇಷ್ಟೊತ್ತಿಗೆ ಗೊತ್ತಾಗಿರಬೇಕು: ಆ ಕಥೆಯ ಕೊನೆ ನನಗೆ ಗೊತ್ತೇ ಇಲ್ಲ. ಅಮಾವಾಸ್ಯೆಯ ಮರುದಿನ ಅಜ್ಜಿ ಪಂಚೆ ತೆಗೆದು, ಕರಟಕ್ಕೆ ಬೂದಿ ತುಂಬಿಕೊಂಡು, "ಕಸ್ತೂರಿ, ಎಳಿ ಕೊಡು ಬಾ" ಎಂದು ಕರೆದಳು. ಎರಡು ವರ್ಷ ನಾನು ಕಾದಿದ್ದ ಕರೆ ಅದು. ಟುಕುನ್ ಹೋದ ಮೇಲೆ ಇವಳಿಗೆ ನನ್ನ ನೆನಪಾಯಿತಲ್ಲ ಎಂದು ಒಳಗೆ ಉರಿ ಹತ್ತಿತು. "ನಾ ಬರೂದಿಲ್ಲ. ನಿನ್ನ ಬಂಗಾಲಿ ಮಗಳಿಗಿ ಹೇಳ್ಕೋ ಹೋಗು" ಎಂದು ಕೂಗಿ ಅಡುಗೆಮನೆಯ ಬಾಗಿಲ ಹಿಂದೆ ಹೋಗಿ ನಿಂತೆ. ಇನ್ನೊಮ್ಮೆ ಕರೆಯುತ್ತಾಳೆ ಎಂದುಕೊಂಡಿದ್ದೆ. ಕರೆಯಲಿಲ್ಲ. ಎಳೆ ಕೊಡುವವರಿಲ್ಲದೆ ಅವಳು ಹೊಸ ಎಳೆಗಳ ಕುಚ್ಚನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದು, ಒಂದೊಂದನ್ನೇ ತಾನೇ ಎಳೆದುಕೊಂಡು ಹೊಸೆದಳು. ಬಾಯಿ ತುಂಬ ನೂಲು. ಕಪ್ಪು ಎಳೆ ಮುಗಿಯಿತು, ಕೆಂಪು ದಡಿ ಬಂತು, ಕೊನೆಯ ಎಳೆಯೂ ಆಯಿತು. ಒಂದೂ ಮಾತಿಲ್ಲ. ನಾನು ಬಾಗಿಲ ಸಂದಿಯಿಂದ ಅದನ್ನೆಲ್ಲ ನೋಡಿದೆ. ಹೋಗಿ ಕೂರಲು ಹತ್ತು ಹೆಜ್ಜೆ ಇತ್ತು, ಹೋಗಲಿಲ್ಲ.

ಈಗ ಮೊದಲು ಹೇಳಿದ ಭಾನುವಾರಕ್ಕೆ ಬರುತ್ತೇನೆ. ಬೋರಲು ಹಾಕಿದ್ದ ಮೊಬೈಲನ್ನು ಎತ್ತಿ ನಿಲ್ಲಿಸಿ ಟುಕುನ್‌ಳ ಸಿನಿಮಾ ಪೂರ್ತಿ ನೋಡಿದೆ. ಬಂಗಾಲದ ಯಾವುದೋ ನೇಕಾರರ ಊರು. ಕೊನೆಯ ದೃಶ್ಯದಲ್ಲಿ ಆ ಮುದುಕಿ ಒಬ್ಬಳೇ ಹಾಸಿನ ಮುಂದೆ ಕೂತಿದ್ದಾಳೆ. ಎದುರಿನ ಜಾಗ ಖಾಲಿ. ಅವಳು ನೂಲಿನ ಕುಚ್ಚನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದಿದ್ದಾಳೆ. ಅದನ್ನು ಟುಕುನ್ ನೋಡಿರಲಿಲ್ಲ, ಅವಳಿದ್ದಾಗ ಎದುರಿನ ಜಾಗ ಯಾವತ್ತೂ ಖಾಲಿಯಾಗಿರಲಿಲ್ಲ. ಈ ಭೂಮಿಯ ಮೇಲೆ ಅದನ್ನು ನೋಡಿದವಳು ನಾನೊಬ್ಬಳೇ, ನೋಡಿಯೂ ನಲವತ್ತು ವರ್ಷಗಳಲ್ಲಿ ಒಂದು ಸಾಲು ಬರೆಯಲಾಗಲಿಲ್ಲ. ಅವಳು ನೋಡದೆ ಬರೆದಿದ್ದಳು. ಸಿನಿಮಾದ ಜೊತೆಗೆ ಅವಳ ಸಂದರ್ಶನವೂ ಇತ್ತು. ನಿಮ್ಮ ಸಿನಿಮಾಗಳಿಗೆ ಕೊನೆಯೇ ಇರುವುದಿಲ್ಲವಲ್ಲ ಎಂದು ಕೇಳಿದ್ದಕ್ಕೆ, ನಾನು ಚಿಕ್ಕವಳಿದ್ದಾಗ ಒಂದು ಕಥೆ ಅರ್ಧಕ್ಕೆ ನಿಂತಿತು, ಅದರ ಕೊನೆ ಏನಿರಬಹುದೆಂದು ಪ್ರತಿ ಸಿನಿಮಾದಲ್ಲೂ ಊಹಿಸುತ್ತಿದ್ದೇನೆ, ನಿಜವಾದ ಕೊನೆ ಬನಹಟ್ಟಿಯ ನನ್ನ ಗೆಳತಿಯ ಹತ್ತಿರ ಇದೆ, ಎಂದು ನಕ್ಕಳು. ತಲೆಯೆಲ್ಲ ಬೆಳ್ಳಗಾಗಿತ್ತು, ನಗು ಮಾತ್ರ ಅದೇ.

ಹತ್ತು ದಿನಕ್ಕೆ ಫೋನು ಬಂತು. ನಂಬರನ್ನು ಆ ಮೊಬೈಲು ಅಂಗಡಿಯಿಂದಲೇ ಹುಡುಕಿಸಿ ತೆಗೆದುಕೊಂಡಿದ್ದಳು. "ಕಸ್ತೂರಿ? ನಾ ಬೇ, ಟುಕುನ್. ಆರಾಮದೀ?" ನಾನು ದಂಗಾದೆ. ಅದು ನಮ್ಮ ಓಣಿಯ ಕನ್ನಡ, ನಲವತ್ತು ವರ್ಷದ ಹಿಂದಿನದು, ಹನ್ನೊಂದು ವರ್ಷದ ಹುಡುಗಿಯದು, ಉಪ್ಪಿನಕಾಯಿ ಭರಣಿಯಲ್ಲಿಟ್ಟಂತೆ ಕೆಡದೆ ಉಳಿದದ್ದು. ಪಾಠ ಮಾಡಿ ಮಾಡಿ ನನ್ನ ನಾಲಿಗೆಯಿಂದ ಅದು ಯಾವತ್ತೋ ಸವೆದುಹೋಗಿದೆ. ಅದೂ ಅವಳ ಹತ್ತಿರವೇ ಇತ್ತು! ಅಕ್ಕತಂಗಿಯರ ಕಥೆಯನ್ನೇ ಈಗ ಸಿನಿಮಾ ಮಾಡುತ್ತೇನೆ, ಇದೇ ಕೊನೆಯದು, ಆಮೇಲೆ ಸಾಕು, ಎಂದಳು. "ನೀ ಕೊನಿ ಹೇಳು. ಕಥಿ ಕಸ್ತೂರಿದು ಅಂತ ಪರದೆ ಮ್ಯಾಲ ದೊಡ್ಡದಾಗಿ ಹಾಕತೇನಿ. ನನ್ನ ಹೆಸರಿಗಿಂತ ಮೊದಲ." ಒಂದು ವಾರ ಬಿಟ್ಟು ಮಾಡು, ಬರೆದಿಡುತ್ತೇನೆ ಎಂದೆ.

ಆ ವಾರ ನಾನು ಹನ್ನೊಂದು ಕೊನೆ ಬರೆದೆ. ಪರದೆಯ ಮೇಲೆ ನನ್ನ ಹೆಸರು ಕಾಣುತ್ತಿತ್ತು, ಬಿಳಿ ಅಕ್ಷರದಲ್ಲಿ. ಒಂದರಲ್ಲಿ ಅಕ್ಕ ರಾಣಿಯಾಗಿ ಪಲ್ಲಕ್ಕಿ ಕಳಿಸಿದಳು, ಇನ್ನೊಂದರಲ್ಲಿ ತಂಗಿ ಹೊಳೆಗೆ ಹಾರಿದಳು, ಮತ್ತೊಂದರಲ್ಲಿ ಹೊಳೆಯೇ ಸೀರೆಯಾಯಿತು. ಎಲ್ಲದರಲ್ಲೂ ಗ್ಯಾದರಿಂಗಿನ ಟ್ರ್ಯಾಕ್ಟರಿನ ಸಪ್ಪಳ ಕೇಳಿಸುತ್ತಿತ್ತು. ಹಾಗಿದ್ದರೂ ಏಳನೆಯದು ಅಷ್ಟು ಕೆಟ್ಟದಾಗಿರಲಿಲ್ಲ. ಅದನ್ನು ಹೇಳಿಬಿಟ್ಟರೆ ಅವಳು ನಂಬುತ್ತಿದ್ದಳು, ಇದು ನೀಲವ್ವನದೇ ಎಂದು ಊರಿಗೆಲ್ಲ ಹೇಳುತ್ತಿದ್ದಳು. ಹೇಳದಿದ್ದರೆ ನನ್ನ ಹತ್ತಿರ ಏನೂ ಇಲ್ಲವೆಂದು, ಯಾವತ್ತೂ ಇರಲಿಲ್ಲವೆಂದು ಅವಳಿಗೆ ಗೊತ್ತಾಗುತ್ತಿತ್ತು. ಎರಡನ್ನೂ ತೂಗಿದೆ. ಏಳನೆಯದನ್ನು ಅಂದವಾಗಿ ನಕಲು ಮಾಡಿ, ಕನ್ನಡಕದ ಕೆಳಗೆ ಇಟ್ಟುಕೊಂಡು, ಫೋನಿನ ಮುಂದೆ ಕೂತೆ.

"ಬರದೀ ಏನಬೇ? ಹೇಳು, ಬರಕೋತೇನಿ" ಎಂದಳು.

ಹಾಳೆ ಕೈಯಲ್ಲಿತ್ತು. ಮೊದಲ ಸಾಲು ಓದಲು ಬಾಯಿ ತೆಗೆದೆ. ಬಾಯಿಂದ ಬೇರೆಯೇ ಬಂತು. "ಬರಕೊಳ್ಳೂದು ಏನೂ ಇಲ್ಲ. ನೀವು ಹ್ವಾದ ಮರುದಿನ ಆಯಿ ನನ್ನ ಕರದ್ಲು."

ಆ ಕಡೆಯಿಂದ ಮೆತ್ತಗೆ, "ಹೂಂ."

"ಎಳಿ ಕೊಡು ಬಾ ಅಂದ್ಲು. ನಾ ಬರೂದಿಲ್ಲ ಅಂದೆ."

"ಹೂಂ."

"ನಿನ್ನ ಬಂಗಾಲಿ ಮಗಳಿಗಿ ಹೇಳ್ಕೋ ಹೋಗು ಅಂದೆ. ಬಾಗಲಾ ಹಿಂದ ನಿಂತೆ. ಆಯಿ ಎಳಿ ಬಾಯಾಗ ಕಚ್ಚಿ ಹಿಡ್ಕೊಂಡು ಒಬ್ಬಾಕಿನ ಕೆಚ್ಚಿದ್ಲು. ಕಥಿ ಹೇಳಲಿಲ್ಲ, ಟುಕುನ್. ಯಾರಿಗೂ ಹೇಳಲಿಲ್ಲ. ನಾ ನಿನಗ ಬರದದ್ದು ಸುಳ್ಳು."

ಅವಳು ಬಯ್ಯುತ್ತಾಳೆಂದು ಕಾದೆ. ಅಳುತ್ತಾಳೆಂದು ಕಾದೆ. ನಲವತ್ತು ವರ್ಷ ಒಂದು ಸುಳ್ಳಿನ ಕೊನೆ ಹುಡುಕುತ್ತ ಬದುಕಿದವಳು ಏನನ್ನಾದರೂ ಅನ್ನಬಹುದಿತ್ತು. ಅವಳು ಅಂದದ್ದು ಅದೊಂದೇ, ನಾನು ಉಸಿರು ತೆಗೆದುಕೊಳ್ಳಲು ನಿಂತ ಜಾಗದಲ್ಲಿ, ಆಮೇಲೆ ಏನಾಯಿತೋ ಎಂಬ ಹೆದರಿಕೆಯಲ್ಲಿ.

"ಹೂಂ. ಮುಂದ?"

ನನ್ನ ಕಥೆಗೆ ಯಾರೂ ಹಾಗೆ ಹೂಂ ಅಂದಿರಲಿಲ್ಲ. ಅಜ್ಜಿ ನನ್ನನ್ನು ಎಬ್ಬಿಸಿ ಅವಳನ್ನು ಯಾಕೆ ಅಲ್ಲಿ ಕೂರಿಸಿದಳೆಂದು ನನಗೆ ಅವತ್ತು ತಿಳಿಯಿತು. ಹೊಟ್ಟೆಕಿಚ್ಚು ಹೋಯಿತೇ ಎಂದು ಕೇಳಬೇಡಿ, ಹೋಗಲಿಲ್ಲ. ಇನ್ನೂ ಚೆನ್ನಾಗಿ ಉರಿಯಿತು. ಹಾಳೆಯನ್ನು ಮಡಚಿಟ್ಟು, ಅಡುಗೆಮನೆಯ ಬಾಗಿಲ ಸಂದಿಯಿಂದ ಕಂಡದ್ದನ್ನೆಲ್ಲ ಅವಳಿಗೆ ಹೇಳುತ್ತ ಹೋದೆ, ಕೆಂಪು ದಡಿ ಬರುವ ತನಕ.